ಬೆಳಕಿಂಡಿಯ ಬಿಸಿಲು

ಕೇಳುಗರೇ, ನಮಸ್ಕಾರ. ನಾನು ಗದಗಿನವನು, ಕ್ಯಾಮೆರಾ ಕೆಲಸದವನು. ಆರು ಕಿರುಚಿತ್ರ ಆದಮೇಲೆ ಈಗ ಮೊದಲ ದೊಡ್ಡ ಸಿನಿಮಾ ಮುಗಿಸಿದ್ದೇನೆ. "ಅದೇ ಕ್ಯಾಮೆರಾ ಅಲ್ವಾ, ಏನು ಕಷ್ಟ?" ಅಂತ ಕೇಳುತ್ತಾರೆ. ನಾನೂ ಹಾಗೇ ಅಂದುಕೊಂಡಿದ್ದೆ.

ಮೊದಲ ಕಿರುಚಿತ್ರ ತೆಗೆದಿದ್ದು ಹುಬ್ಬಳ್ಳಿಯ ಒಂದು ಖಾನಾವಳಿಯಲ್ಲಿ, ರಾತ್ರಿ ಗಿರಾಕಿಗಳೆಲ್ಲ ಹೋದಮೇಲೆ. ಬಾಡಿಗೆ ಕ್ಯಾಮೆರಾ, ಹಳೇ ಚೋಕಿನ ಟ್ಯೂಬ್‌ಲೈಟು. ಮರುದಿನ ನೋಡಿದರೆ ರೊಟ್ಟಿ ಬಡಿಯುವ ಅಜ್ಜಿಯ ಮುಖದ ಮೇಲೆ ಕಪ್ಪು ಪಟ್ಟೆಗಳು ಹರಿದಾಡುತ್ತಿದ್ದವು! ನಮ್ಮ ಕರೆಂಟು 50 ಹರ್ಟ್ಸ್. ಅಂಥ ಟ್ಯೂಬು ಸೆಕೆಂಡಿಗೆ 100 ಸಲ ಮಿನುಗುತ್ತದೆ, ಕಣ್ಣಿಗೆ ಕಾಣೋದಿಲ್ಲ ಅಷ್ಟೇ. ಶಟರ್, ಅಂದರೆ ಒಂದು ಫ್ರೇಮಿಗೆ ಬೆಳಕು ಬೀಳುವ ಹೊತ್ತು, 1/50 ಸೆಕೆಂಡ್ ಇಟ್ಟರೆ ಒಂದೊಂದು ಫ್ರೇಮಿಗೂ ಸರಿಯಾಗಿ ಎರಡು ಮಿನುಗು ಸಿಗುತ್ತವೆ. ನಾನು 1/60 ಇಟ್ಟಿದ್ದೆ. ಪಾಪ, ಅಜ್ಜಿ ಇನ್ನೊಂದು ರಾತ್ರಿ ರೊಟ್ಟಿ ಬಡಿದರು. ಹಿಟ್ಟಿನ ದುಡ್ಡು ನಾನೇ ಕೊಟ್ಟೆ.

ಕಿರುಚಿತ್ರದ ಸುಖ ಅದು. ಉಣಕಲ್ ಕೆರೆ ಮೇಲೆ ಸಂಜೆ ಬಿಸಿಲು ಚೆನ್ನಾಗಿ ಬಿತ್ತಾ, ಹಿಡಿದುಕೋ. ಬೀಳಲಿಲ್ವಾ, ಚಹಾ ಕುಡಿದು ಮನೆಗೆ ನಡಿ.

ದೊಡ್ಡ ಸಿನಿಮಾಕ್ಕೆ ಸಿಕ್ಕಿದ್ದು ಬೆಟಗೇರಿಯ ಒಬ್ಬ ನೇಕಾರರ ಮನೆ. ಮಣ್ಣಿನ ಮಾಳಿಗೆ, ನಡುವೆ ಒಂದು ಬೆಳಕಿಂಡಿ. ಅದರಿಂದ ಬಿಸಿಲು ಕೋಲಿನ ಹಾಗೆ ಮಗ್ಗದ ಮೇಲೆ ಇಳಿದಿತ್ತು. ಒಳಗೆ ನೂಲಿನ ಧೂಳು ಸುಮ್ನೆ ತೇಲುತ್ತಿತ್ತು. ಕಥೆಯಲ್ಲಿ ಅಪ್ಪ ಮಗಳಿಗೆ ಪ್ರಶ್ನೆ ಕೇಳೋದನ್ನು 11 ಗಂಟೆಗೆ ತೆಗೆದೆವು. ಮಗಳ ಉತ್ತರ ಊಟ ಆದಮೇಲೆ. ಅಷ್ಟರಲ್ಲಿ ಬಿಸಿಲು ಮಗ್ಗ ಬಿಟ್ಟು ಗೋಡೆ ಹತ್ತಿತ್ತು. ತೆರೆ ಮೇಲೆ ಎರಡು ಮಾತಿನ ನಡುವೆ ಒಂದು ಉಸಿರಿನಷ್ಟು ಹೊತ್ತು, ಇಲ್ಲಿ ಮೂರು ತಾಸು ಕಳೆದಿತ್ತು.

ಆಗ ನೆನಪಾದವರು ವಿ.ಕೆ. ಮೂರ್ತಿ. ಮೈಸೂರಿನವರು, ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕ. 1959ರ 'ಕಾಗಜ್ ಕೆ ಫೂಲ್' ಚಿತ್ರಕ್ಕೆ ಅವರು ಹೊರಗಿನ ಬಿಸಿಲನ್ನು ಕನ್ನಡಿಯಿಂದ ಸ್ಟುಡಿಯೋದೊಳಗೆ ತಂದಿದ್ದರು. ನಮ್ಮ ಹತ್ತಿರ ಇದ್ದದ್ದು ಪಕ್ಕದ ಕಟಿಂಗ್ ಅಂಗಡಿಯ ಕನ್ನಡಿ. ನೇರ ಬಿಸಿಲಿಗೆ ಕಂಬಳಿ ಅಡ್ಡ ಕಟ್ಟಿದೆವು. ಇಬ್ಬರು ಹುಡುಗರು ಮಾಳಿಗೆ ಮೇಲೆ ಏಣಿ ಹಾಕಿ, ಕಿಂಡಿಯ ಪೂರ್ವಕ್ಕೆ ಕನ್ನಡಿ ಎತ್ತಿ ಹಿಡಿದರು. ಸೂರ್ಯ ಸರಿದ ಹಾಗೆಲ್ಲ ಕನ್ನಡಿಯನ್ನೂ ಸರಿಸಬೇಕು. ನಾನು ಕೆಳಗಿನಿಂದ "ಎಡಕ್ಕೆ, ಸ್ವಲ್ಪ ಎಡಕ್ಕೆ" ಅಂತ ಕೂಗುತ್ತಿದ್ದೆ. ಕೂಗೋದು ನನಗೆ ಹೊಸದು. ಕಿರುಚಿತ್ರದಲ್ಲಿ ಲೈಟು, ಫೋಕಸ್ಸು ಎಲ್ಲಾ ನಾನೇ ನೋಡಿಕೊಳ್ಳುತ್ತಿದ್ದೆ.

ನಾಲ್ಕು ಗಂಟೆಗೆ ಕಟಿಂಗ್ ಅಂಗಡಿಯವರು ಬಾಗಿಲಿಗೆ ಬಂದರು. ಅರ್ಧ ದಾಡಿ ಆದ ಗಿರಾಕಿ ಕೂತಿದ್ದಾರೆ, ಕನ್ನಡಿ ಕೊಡ್ರಿ ಅಂತ. ನಮಗೆ ಇನ್ನೂ ಒಂದು ಶಾಟ್ ಬಾಕಿ ಇತ್ತು.