ಉಳಿಕೆ ದಿನ ಏನು ಮಾಡಿದಿರಿ?

ಕೇಳುಗರೆಲ್ಲರಿಗೂ ನಮಸ್ಕಾರ. ಮಾಯಾಲೋಕದ ಕಥೆ ಬರೆಯುವ ಹುಡುಗ ಹುಡುಗಿಯರು ಈಗ ಧಾರವಾಡ, ಗದಗ, ಹಾವೇರಿಯಲ್ಲೂ ಬೇಕಾದಷ್ಟು ಇದ್ದಾರೆ. ರಾಜ್ಯ ಕಟ್ಟುತ್ತಾರೆ, ನಕಾಶೆ ಬರೆಯುತ್ತಾರೆ, ಆ ಲೋಕಕ್ಕೆ ಒಂದು ಕ್ಯಾಲೆಂಡರನ್ನೂ ಮಾಡುತ್ತಾರೆ. ಎಡವುವುದು ಅಲ್ಲೇ. ನಾನು ಪಂಚಾಂಗದ ಗಣಿತ ಕಲಿಸುವವನು. ಇವತ್ತು ಹೇಳುವುದು ಒಂದೇ ಮಾತು: ಲೆಕ್ಕ ನುಣ್ಣಗೆ ಕೂಡಿಸಬೇಡಿ. ಉಳಿಕೆ ಇರಲಿ.

ನಮ್ಮ ಮುಗಿಲನ್ನೇ ನೋಡಿ. ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸುಮಾರು 29.5 ದಿನ. ಹನ್ನೆರಡು ತಿಂಗಳಿಗೆ 354. ಆದರೆ ಮಳೆ, ಚಳಿ, ಬಿಸಿಲು ಒಂದು ಸುತ್ತು ಬರಲು 365 ಬೇಕು. 11 ದಿನ ಉಳಿಯಿತು. ಅದನ್ನು ಏನು ಮಾಡಬೇಕು? ಮುಸ್ಲಿಮರ ಕ್ಯಾಲೆಂಡರ್ ಅದನ್ನು ಸರಿಮಾಡಲು ಹೋಗಲೇ ಇಲ್ಲ. ಅದಕ್ಕೇ ರಂಜಾನ್ ಕೆಲವು ವರ್ಷ ಬೇಸಿಗೆಯಲ್ಲಿ, ಕೆಲವು ವರ್ಷ ಚಳಿಯಲ್ಲಿ ಬರುತ್ತದೆ. ನಮ್ಮ ಪಂಚಾಂಗ ಉಳಿಕೆಯನ್ನು ಕೂಡಿಟ್ಟು, ಸುಮಾರು 32-33 ತಿಂಗಳಿಗೊಮ್ಮೆ ಒಂದು ಅಧಿಕ ಮಾಸ ಸೇರಿಸುತ್ತದೆ. 2022ರಲ್ಲಿ ಆಗಸ್ಟ್ 2ಕ್ಕೇ ನಾಗರ ಪಂಚಮಿ ಉಂಡಿ ತಿಂದು ಜೋಕಾಲಿ ಆಡಿದ್ದೆವು. ಮರುವರ್ಷ ಅಧಿಕ ಶ್ರಾವಣ ಬಂತು, ಪಂಚಮಿ ಆಗಸ್ಟ್ 21ಕ್ಕೆ ಹೋಯಿತು. ನೆನಪಿದೆ ಅಲ್ವಾ?

ಲೆಕ್ಕ ಸರಿಮಾಡಲು ತುರುಕಿದ ತಿಂಗಳು ಅದು, ಅಷ್ಟೇ. ಆದರೆ ಮನೆಯೊಳಗೆ ಬಂದ ಮೇಲೆ ಏನಾಯಿತು? ಮದುವೆ ಬೇಡ, ಗೃಹಪ್ರವೇಶ ಬೇಡ. ಮಗಳು ಅಳಿಯನನ್ನು ಕರೆದು 33 ಅಪೂಪ, ಅಂದರೆ ಸಿಹಿ ಕಜ್ಜಾಯ, ಕೊಡಿ. ಅತ್ತೆಗೆ ಖರ್ಚು, ಅಳಿಯನಿಗೆ ಸಿಹಿ, ಮದುವೆ ನಿಶ್ಚಯವಾಗಿ ಕಾಯುವ ಹುಡುಗಿಗೆ ಚಡಪಡಿಕೆ. ಕಥೆಗಾರರಿಗೆ ಇದಕ್ಕಿಂತ ಜಾಸ್ತಿ ಏನು ಬೇಕು?

ಹುಬ್ಬಳ್ಳಿಯಲ್ಲಿ ಇಂಜಿನಿಯರಿಂಗ್ ಓದುವ ಒಬ್ಬ ಹುಡುಗ ಮೊಬೈಲ್ ಗೇಮಿಗೆ ಅಂತ ಒಂದು ಲೋಕ ಕಟ್ಟಿಕೊಂಡು ನಮ್ಮ ಮನೆಗೆ ಬಂದಿದ್ದ. ದೊಡ್ಡ ಡ್ರಾಯಿಂಗ್ ಶೀಟು. ಹತ್ತು ತಿಂಗಳು, ತಿಂಗಳಿಗೆ 40 ದಿನ, ವರ್ಷಕ್ಕೆ 400. ಒಂದೊಂದು ತಿಂಗಳಿಗೂ ಒಂದೊಂದು ಬಣ್ಣ. ಅಗ್ನಿಮಾಸ, ನಾಗಮಾಸ ಅಂತ ಭಾರಿ ಹೆಸರು. ಮುಗಿಲಲ್ಲಿ ಎರಡು ಚಂದ್ರ. ದೊಡ್ಡದಕ್ಕೆ 30 ದಿನಕ್ಕೊಮ್ಮೆ ಅಮಾವಾಸ್ಯೆ, ಸಣ್ಣದಕ್ಕೆ 20 ದಿನಕ್ಕೊಮ್ಮೆ. ಆದರೆ ಈ ಚಂದ್ರರಿಗೂ ಆ ತಿಂಗಳುಗಳಿಗೂ ಸಂಬಂಧವೇ ಇಲ್ಲ! ಸುಮ್ನೆ ಅಲಂಕಾರಕ್ಕೆ.

ನಮ್ಮವ್ವ ಅಲ್ಲೇ ಕೂತು ಶೇಂಗಾ ಸುಲಿಯುತ್ತಿದ್ದಳು. ಹೊಲ ಮಾಡಿದ ಜೀವ. ಎಲ್ಲ ಕೇಳಿ, "ತಮ್ಮಾ, ಎರಡು ಚಂದ್ರ ಅದಾವ ಅಂದ್ರ ಅಮಾಸಿನೂ ಎರಡಾದ್ವು. ಯಾವ ಅಮಾಸಿಗೆ ಎತ್ತು ಹೂಡಂಗಿಲ್ಲ?" ಅಂದಳು. ನಮ್ಮ ಕಡೆ ಅಮಾವಾಸ್ಯೆ ದಿನ ಎತ್ತಿನ ಹೆಗಲ ಮೇಲೆ ನೊಗ ಇಡುವುದಿಲ್ಲವಲ್ಲ. ಹುಡುಗ ಸ್ವಲ್ಪ ಯೋಚಿಸಿ, "ಎರಡೂ ಒಂದ ದಿನ ಬಂದಾಗ ಹೂಡಂಗಿಲ್ರಿ ಅಜ್ಜಿ. ಮರುದಿನ ಬಿತ್ತಿಗಿ" ಅಂದ. "ಹಂಗಾರ ಅದು ಯಾವಾಗ ಬರತೈತಿ?"

ಕೂತು ಲೆಕ್ಕ ಹಾಕಿದೆವು. ಎರಡು ಅಮಾವಾಸ್ಯೆ ಕೂಡುವುದು 60 ದಿನಕ್ಕೊಮ್ಮೆ. ಅವ್ವ ಅದಕ್ಕೆ ಜೋಡಮಾಸಿ ಅಂತ ಹೆಸರಿಟ್ಟಳು. ಮೊದಲ ವರ್ಷ 60ನೇ ದಿನ, 120ನೇ ದಿನ, ಹೀಗೆ 360ರವರೆಗೆ ಆರು ಸಲ. 40 ದಿನ ಉಳಿಯಿತು. ಅದಕ್ಕೆ ಇನ್ನು 20 ಕೂಡಿದರೆ 60, ಹಾಗಾಗಿ ಎರಡನೇ ವರ್ಷ ಜೋಡಮಾಸಿ 20ಕ್ಕೆ, 80ಕ್ಕೆ. ಮೂರನೇ ವರ್ಷ 40ಕ್ಕೆ, 100ಕ್ಕೆ. ನಾಲ್ಕನೇ ವರ್ಷ ಮತ್ತೆ 60ಕ್ಕೆ ಬರುತ್ತದೆ. ಅವ್ವ ಬಿಡಲಿಲ್ಲ. "ಮದಲನೇ ವರ್ಷ 60ಕ್ಕ ಬಿತ್ತಿದಿ. ಎರಡನೇ ವರ್ಷ 80ರ ತನಾ ಕಾದ್ರ ಎರಿ ಹೊಲದಾಗ ಹಸಿ ಆರಿ ಹೋಗತೈತಿ. 20ಕ್ಕ ಬಿತ್ತಿದ್ರ ಮಳೀನ ಆಗಿರಂಗಿಲ್ಲ. ಏನ್ ಮಾಡತಾರ ಆ ಊರ ಮಂದಿ?"

ಅದೇ ಪ್ರಶ್ನೆ! ಪೂಜಾರಿ ಕಾಯಿರಿ ಅನ್ನುತ್ತಾನೆ. ರೈತ ರಾತ್ರಿ ಕದ್ದು ಬಿತ್ತುತ್ತಾನೆ. ರಾಜ ಅಧಿಕ ದಿನ ಸೇರಿಸಿ ಅಂತ ಆಜ್ಞೆ ಹೊರಡಿಸುತ್ತಾನೆ, ಸಾಲ ಕೊಟ್ಟವನು ಆ ದಿನಗಳಿಗೂ ಬಡ್ಡಿ ಕೇಳುತ್ತಾನೆ. ಹುಡುಗ ಡ್ರಾಯಿಂಗ್ ಶೀಟು ಮಗುಚಿ ಹಾಕಿ ಹಿಂಬದಿಯಲ್ಲಿ ಬರೆಯತೊಡಗಿದ. ಅಗ್ನಿಮಾಸ ನೆಲಕ್ಕೆ ಮುಖ ಮಾಡಿ ಮಲಗಿತು. ಅದಕ್ಕೇ ಹೇಳಿದ್ದು, ಹೆಸರಿನ ಚಿಂತೆ ಆಮೇಲೆ. ಮೊದಲು ಉಳಿಕೆ ಎಷ್ಟು ನೋಡಿ.

ಅವ್ವನ ಕಥೆಯಲ್ಲೇ ಸಮಯ ಮುಕ್ಕಾಲು ಹೋಯಿತು. ಉಳಿದದ್ದನ್ನು ಬೇಗ ಹೇಳುತ್ತೇನೆ.

ವರ್ಷ ಎಣಿಸುವುದು ಎಲ್ಲಿಂದ? 1076ರಲ್ಲಿ ಪಟ್ಟಕ್ಕೆ ಬಂದ ಕಲ್ಯಾಣದ ಚಾಳುಕ್ಯ ರಾಜ ಆರನೇ ವಿಕ್ರಮಾದಿತ್ಯ, ಆಗ ಬಳಕೆಯಲ್ಲಿದ್ದ ಶಕ ವರ್ಷ ಬದಿಗಿಟ್ಟು ತನ್ನದೇ ಎಣಿಕೆ ಶುರುಮಾಡಿದ. ಗದಗ ಕಡೆಯ ಶಾಸನಗಳಲ್ಲಿ ಬರುವ ಚಾಳುಕ್ಯ ವಿಕ್ರಮ ವರ್ಷ ಅದೇ. ಆ ಎಣಿಕೆ ಬಹಳ ಕಾಲ ಉಳಿಯಲಿಲ್ಲ, ಶಕ ವರ್ಷವೇ ಉಳಿಯಿತು. ನಿಮ್ಮ ರಾಜನಿಗೂ ಅಂಥ ಹಟ ಇರಲಿ.

ಇನ್ನು ವಾರ. ಫ್ರಾನ್ಸಿನಲ್ಲಿ ಕ್ರಾಂತಿ ಆದ ಮೇಲೆ, 1793ರಲ್ಲಿ, ಹೊಸ ಕ್ಯಾಲೆಂಡರ್ ತಂದರು. 30 ದಿನದ ಹನ್ನೆರಡು ತಿಂಗಳು, ಉಳಿದ 5 ದಿನ, ಕೆಲವು ವರ್ಷ 6, ಕೊನೆಯಲ್ಲಿ ಹಬ್ಬಕ್ಕೆ. ಅಷ್ಟು ಜಾಣತನವೇ. ಆದರೆ ವಾರವನ್ನು ಹತ್ತು ದಿನಕ್ಕೆ ಎಳೆದರು. ಏಳು ದಿನಕ್ಕೆ ಬರುವ ರಜೆ ಹತ್ತಕ್ಕೆ ಹೋದರೆ ದುಡಿಯುವವನು ಒಪ್ಪುತ್ತಾನೆಯೇ? 1806ರ ಜನವರಿ ಬರುವಷ್ಟರಲ್ಲಿ ಅದನ್ನು ರದ್ದು ಮಾಡಿದರು. ವಾರ ಮುಗಿಲಿನಿಂದ ಬರುವುದಲ್ಲ, ಜನರ ರೂಢಿಯಿಂದ ಬರುವುದು. ನಿಮ್ಮ ಲೋಕದ ಊರಿನಲ್ಲಿ ತರಕಾರಿ ಎಷ್ಟು ದಿನ ತಾಳುತ್ತದೆ, ಸಂತೆ ಎಷ್ಟು ದಿನಕ್ಕೊಮ್ಮೆ ಕೂಡುತ್ತದೆ ಅಂತ ಮೊದಲು ಬರೆದುಕೊಳ್ಳಿ. ವಾರಕ್ಕೆ ಅಷ್ಟೇ ದಿನ ಇಡಿ. ಆ ವಾರದಿಂದ ವರ್ಷವನ್ನು ಭಾಗಿಸಿದಾಗ ಏನೂ ಉಳಿಯದಿದ್ದರೆ, ದಯವಿಟ್ಟು ಇನ್ನೊಮ್ಮೆ ಶುರುಮಾಡಿ. ನಮಸ್ಕಾರ.