ಚಾನೆಲ್ ನೂರಿದ್ರೂ ಮಾಲೀಕ ಒಬ್ನೇ ಆದ್ರೆ

ಕೇಳುಗರಿಗೆಲ್ಲ ನಮಸ್ಕಾರ. ಟೀವಿಲಿ ನೂರಾರು ಚಾನೆಲ್, ಮೇಲೆ ಪೇಪರ್ರು, ಮೊಬೈಲು, ಸುದ್ದಿಗೇನೂ ಬರ ಇಲ್ಲ ಅಂತ ಅನ್ಕೊಂಡಿರ್ತೀವಿ, ಆದ್ರೆ ಇವುಗಳ ಮಾಲೀಕರು ಯಾರ್ಯಾರು ಅಂತ ಎಣಿಸೋಕೆ ಕೂತ್ರೆ ಎಷ್ಟೋ ದೇಶಗಳಲ್ಲಿ ಕೈಬೆರಳಲ್ಲೇ ಲೆಕ್ಕ ಮುಗಿದುಹೋಗುತ್ತೆ.

2018ರಲ್ಲಿ ಅಮೆರಿಕದಲ್ಲಿ ಏನಾಯ್ತು ನೋಡಿ. ಸಿಂಕ್ಲೇರ್ ಅನ್ನೋ ಕಂಪನಿಯ ಹತ್ತಾರು ಲೋಕಲ್ ಟೀವಿ ಸ್ಟೇಷನ್‌ಗಳ ಆಂಕರ್‌ಗಳು, ಬೇರೆ ಬೇರೆ ಊರು, ಬೇರೆ ಬೇರೆ ಮುಖ, ಮೇಲಿಂದ ಬಂದ ಒಂದೇ ಸ್ಕ್ರಿಪ್ಟನ್ನ ಅಕ್ಷರ ಬಿಡದೆ ಓದಿದ್ರು, ಸುಳ್ಳು ಸುದ್ದಿ ಪ್ರಜಾಪ್ರಭುತ್ವಕ್ಕೆ ಅಪಾಯ ಅಂತ ಬೇರೆ! ಆಯಾ ಊರಿನ ಜನಕ್ಕೆ ಅದು ನಮ್ಮೂರ ಆಂಕರ್ ಮಾತು ಅಂತ್ಲೇ ಕೇಳ್ಸಿರುತ್ತೆ. ಎಲ್ಲಾ ಕ್ಲಿಪ್ಪನ್ನ ಅಕ್ಕಪಕ್ಕ ಜೋಡಿಸಿದ ವಿಡಿಯೋ ಬಂದಾಗ ದೇಶಕ್ಕೇ ಕಾಣೋ ಹಾಗಾಯ್ತು.

ಆದ್ರೆ ನಂಗೆ ಇದಕ್ಕಿಂತ ಜಾಸ್ತಿ ಭಯ ಆಗೋದು ಹೇಳದೇ ಬಿಟ್ಟ ಸುದ್ದಿ ಬಗ್ಗೆ. ಪೇಪರ್ ಮಾಲೀಕನಿಗೆ ಗಣಿ, ಬ್ಯಾಂಕು, ಸರ್ಕಾರಿ ಕಾಂಟ್ರಾಕ್ಟು ಎಲ್ಲಾ ಇದ್ರೆ ಅವನು ಎಡಿಟರ್‌ಗೆ ಫೋನ್ ಮಾಡೋದೂ ಬೇಕಾಗಲ್ಲ, ಯಾವ ಸ್ಟೋರಿ ಮುಟ್ಟಬಾರ್ದು ಅಂತ ರಿಪೋರ್ಟರ್‌ಗೆ ತಾನಾಗೇ ಗೊತ್ತಿರುತ್ತೆ, ಮನೆ ಸಾಲ ಇರುತ್ತೆ, ಬಿಟ್ಟು ಬೇರೆ ಕಡೆ ಹೋಗೋಣ ಅಂದ್ರೆ ಆ ಆಫೀಸೂ ಅದೇ ಮಾಲೀಕಂದು. ಸುಳ್ಳು ಸುದ್ದಿ ಬಂದ್ರೆ ಇವತ್ತಲ್ಲ ನಾಳೆ ಯಾರಾದ್ರೂ ಹಿಡೀತಾರೆ. ಬರದೇ ಇರೋ ಸುದ್ದೀನ ಯಾರು ಹಿಡೀತಾರೆ? ವೋಟ್ ಹಾಕೋರಿಗೆ ಅಂಥದ್ದೊಂದು ನಡೀತು ಅನ್ನೋದೇ ಗೊತ್ತಿರಲ್ಲ.

ಹಂಗೇರಿಲಿ 2018ರ ನವೆಂಬರ್‌ನಲ್ಲಿ ಸರ್ಕಾರಕ್ಕೆ ಬೇಕಾದ ಮಾಲೀಕರು 400ಕ್ಕೂ ಹೆಚ್ಚು ಪೇಪರ್, ರೇಡಿಯೋ, ಟೀವಿ, ವೆಬ್‌ಸೈಟ್‌ಗಳನ್ನ ತಂದು ಒಂದೇ ಫೌಂಡೇಶನ್ ಕೈಗೆ ಕೊಟ್ರು, ಬಹುತೇಕ ಪುಕ್ಕಟೆ. ಮುಂದಿನ ತಿಂಗಳೇ ಸರ್ಕಾರ ಇದು ದೇಶದ ಹಿತದ ವಿಷಯ ಅಂತ ಆದೇಶ ಹೊರಡಿಸಿ, ಇಂಥ ವಿಲೀನಗಳನ್ನ ತನಿಖೆ ಮಾಡೋ ಪ್ರಾಧಿಕಾರ ಇದನ್ನ ಮುಟ್ಟದ ಹಾಗೆ ಮಾಡ್ತು. ಸರ್ಕಾರಿ ಟೀವಿ ಅಂತೂ ಮೊದಲಿಂದ್ಲೂ ಅದೇ ದಾರೀಲಿತ್ತು. 2022ರ ಚುನಾವಣೇಲಿ ವಿರೋಧ ಪಕ್ಷಗಳ ಪ್ರಧಾನಿ ಅಭ್ಯರ್ಥಿಗೆ ಆ ಟೀವಿಲಿ ಸಿಕ್ಕಿದ್ದು ಬರೀ 5 ನಿಮಿಷ. ಮತಗಟ್ಟೆ ಮುಂದೆ ಕ್ಯೂ ಇತ್ತು, ಬ್ಯಾಲೆಟ್ ಇತ್ತು, ಎಲ್ಲಾ ಇತ್ತು, ಆದ್ರೆ ಎದುರಾಳಿ ಏನಂತಾನೆ ಅಂತ ಕೇಳಿಸ್ಕೊಳ್ಳದೇ ಎಷ್ಟು ಜನ ಒಳಗೆ ಹೋಗಿರ್ತಾರೆ ಯೋಚ್ನೆ ಮಾಡಿ.

ಇದು ಹಣೆಬರಹ ಅಲ್ಲ. ಅಮೆರಿಕದಲ್ಲಿ ಒಂದು ಕಂಪನಿ ದೇಶದಲ್ಲಿ ಇಷ್ಟೇ ರೇಡಿಯೋ ಸ್ಟೇಷನ್ ಇಟ್ಕೋಬೋದು ಅಂತ ಮಿತಿ ಇತ್ತು, 1996ರಲ್ಲಿ ಕಾನೂನು ಮಾಡಿ ತೆಗೆದ್ರು, ಕೆಲವೇ ವರ್ಷದಲ್ಲಿ ಒಂದೇ ಕಂಪನಿ ಕೈಗೆ 1,200ಕ್ಕೂ ಹೆಚ್ಚು ಸ್ಟೇಷನ್ ಸೇರಿದ್ವು. ಕಾನೂನಲ್ಲಿ ತೆಗೆದದ್ದನ್ನ ಕಾನೂನಲ್ಲೇ ವಾಪಸ್ ತರ್ಬೋದು. ವೋಟ್ ಕೇಳೋಕೆ ಬಂದವ್ರನ್ನ ನೇರವಾಗಿ ಕೇಳಿ, ಒಬ್ಬ ಮಾಲೀಕನಿಗೆ ಎಷ್ಟು ಚಾನೆಲ್ ಅಂತ ಮಿತಿ ಹಾಕ್ತೀರಾ, ಪ್ರತಿ ಚಾನೆಲ್ ಹಿಂದೆ ಯಾರ ದುಡ್ಡಿದೆ ಅಂತ ಜನಕ್ಕೆ ಕಾಣೋ ಹಾಗೆ ಮಾಡ್ತೀರಾ ಅಂತ. ನಮಸ್ಕಾರ.