ನೀರು ಹುಯ್ದು ಬಾಯಿ ಬಿಡಿಸುವುದು

ಕೇಳುಗರೆಲ್ಲರಿಗೂ ನಮಸ್ಕಾರ. ಇವತ್ತಿನ ವಿಷಯ ಹಿತವಾದದ್ದಲ್ಲ. ಸೆರೆ ಸಿಕ್ಕವರ ಬಾಯಿ ಬಿಡಿಸಲು ನೀರು ಬಳಸುವ ಚಿತ್ರಹಿಂಸೆಯ ಬಗ್ಗೆ ಮಾತಾಡುತ್ತೇನೆ. ಪಕ್ಕದಲ್ಲಿ ಚಿಕ್ಕ ಮಕ್ಕಳಿದ್ದರೆ ರೇಡಿಯೊ ಸದ್ದು ಸ್ವಲ್ಪ ತಗ್ಗಿಸಿಕೊಳ್ಳಿ.

ಮೊದಲು ಆ ಹೊತ್ತಿನಲ್ಲಿ ದೇಹಕ್ಕೆ ಏನಾಗುತ್ತದೆ ಅಂತ ನೋಡೋಣ. ಮುಖದ ಮೇಲೆ ಬಟ್ಟೆ, ಬಟ್ಟೆಯ ಮೇಲೆ ನೀರು. ಒದ್ದೆ ಬಟ್ಟೆ ಮೂಗು ಬಾಯಿಗೆ ಅಂಟಿಕೊಳ್ಳುತ್ತದೆ, ಉಸಿರೆಳೆದರೆ ಗಾಳಿಯ ಬದಲು ನೀರು ಬರುತ್ತದೆ. ಗಂಟಲು ತಾನಾಗಿಯೇ ಬಿಗಿದುಕೊಳ್ಳುತ್ತದೆ. ಕೆಮ್ಮು, ಓಕರಿಕೆ, ಆಮೇಲೆ ರಕ್ತದಲ್ಲಿ ಕಾರ್ಬನ್ ಡೈಆಕ್ಸೈಡ್ ಏರುತ್ತಾ ಹೋದ ಹಾಗೆ ಮಿದುಳಿಗೆ ಬೇರೆ ಯಾವ ಯೋಚನೆಯೂ ಉಳಿಯುವುದಿಲ್ಲ. ಧೈರ್ಯವಂತನೋ ಪುಕ್ಕಲನೋ ಅನ್ನುವ ಪ್ರಶ್ನೆಯೇ ಇಲ್ಲಿಲ್ಲ, ಯಾಕೆಂದರೆ ಉಸಿರು ನಿಂತಾಗ ಒದ್ದಾಡುವುದು ಯಾರ ಕೈಯಲ್ಲೂ ಇಲ್ಲ. ಮುಳುಗಿದ ಹಾಗೆ ಸುಮ್ನೆ ಭಾಸವಾಗುತ್ತದೆ ಅಷ್ಟೇ ಅಂತ ಕೆಲವರು ಬರೆಯುತ್ತಾರೆ. ಅದು ಸರಿಯಲ್ಲ. ಉಸಿರು ನಿಜವಾಗಿಯೂ ಕಟ್ಟುತ್ತದೆ. ಸಾಯುವ ಮುಂಚೆ ಬಿಡುತ್ತಾರೆ, ಅಷ್ಟೇ.

ಇನ್ನೊಂದು ವಿಷಯ. ಇದು ಹೊರಗೆ ಗುರುತು ಉಳಿಸುವುದಿಲ್ಲ. ಬಾಸುಂಡೆ ಇಲ್ಲ, ಮುರಿದ ಮೂಳೆ ಇಲ್ಲ, ಸುಟ್ಟ ಕಲೆ ಇಲ್ಲ. ಮೈ ಒರೆಸಿ ಬಟ್ಟೆ ಬದಲಿಸಿದರೆ ನೋಡಿದವರಿಗೆ ಏನೂ ಕಾಣದು. ಕಾಯ್ದೆ, ಕೋರ್ಟು, ಪತ್ರಿಕೆ ಎಲ್ಲ ಇದ್ದ ದೇಶಗಳಲ್ಲೂ ಇದು ಉಳಿದು ಬಂದದ್ದಕ್ಕೆ ಇದೂ ಒಂದು ಕಾರಣ.

1623ರಲ್ಲಿ ಅಂಬೊಯ್ನಾದಲ್ಲಿ ನಡೆದದ್ದನ್ನು ಸ್ವಲ್ಪ ವಿವರವಾಗಿ ಹೇಳಬೇಕು. ಅಂಬೊಯ್ನಾ ಅಂದರೆ ಈಗಿನ ಇಂಡೋನೇಷ್ಯಾದ ಅಂಬೊನ್, ಲವಂಗದ ವ್ಯಾಪಾರಕ್ಕೆ ಹೆಸರಾದ ದ್ವೀಪ. ಅಲ್ಲಿ ಡಚ್ ಈಸ್ಟ್ ಇಂಡಿಯಾ ಕಂಪನಿಯ ದೊಡ್ಡ ಕೋಟೆ ಇತ್ತು. ಇಂಗ್ಲಿಷ್ ಕಂಪನಿಯ ವ್ಯಾಪಾರಿಗಳೂ ಬೆರಳೆಣಿಕೆಯಷ್ಟು ಮಂದಿ ಇದ್ದರು. ಡಚ್ಚರ ಹತ್ತಿರವೇ ಕೂಲಿಗಿದ್ದ ಒಬ್ಬ ಜಪಾನಿ ಸಿಪಾಯಿ ಒಂದು ರಾತ್ರಿ ಕೋಟೆಯ ಕಾವಲುಗಾರನ ಹತ್ತಿರ ಪಹರೆ ಯಾವಾಗ ಬದಲಾಗುತ್ತದೆ, ಒಳಗೆ ಎಷ್ಟು ಜನ ಇದ್ದಾರೆ ಅಂತ ಕೇಳಿದ. ಅಷ್ಟಕ್ಕೇ ಅವನನ್ನು ಹಿಡಿದು ಹಿಂಸಿಸಿದರು. ಇಂಗ್ಲಿಷರ ಜೊತೆ ಸೇರಿ ಕೋಟೆ ಹಿಡಿಯುವ ಸಂಚು ಅಂತ ಅವನ ಬಾಯಿಂದ ಬಂತು. ಆಮೇಲೆ ಮಿಕ್ಕ ಜಪಾನಿಗಳು, ಅವರ ಬೆನ್ನಿಗೇ ಇಂಗ್ಲಿಷರು.

ಜಾನ್ ಕ್ಲಾರ್ಕ್ ಅನ್ನುವ ವ್ಯಾಪಾರಿಗೆ ಮಾಡಿದ್ದನ್ನು 1624ರಲ್ಲಿ ಇಂಗ್ಲಿಷರು ಅಚ್ಚು ಹಾಕಿಸಿದ ವರದಿ ಹೇಳುತ್ತದೆ. ಕುತ್ತಿಗೆಗೂ ಮುಖಕ್ಕೂ ನೀರು ಸೋರದ ಹಾಗೆ ಬಟ್ಟೆ ಬಿಗಿದು, ತಲೆಯ ಮೇಲಿಂದ ಮೆಲ್ಲಗೆ ನೀರು ಸುರಿದರು. ನೀರು ಮೂಗಿನವರೆಗೂ ತುಂಬಿಕೊಂಡಿತು. ಉಸಿರಾಡಬೇಕಾದರೆ ಅದನ್ನೇ ಕುಡಿಯಬೇಕು. ಎಚ್ಚರ ತಪ್ಪಿದಾಗ ಇಳಿಸಿ, ವಾಂತಿ ಮಾಡಿಸಿ, ಮತ್ತೆ ಕಟ್ಟಿದರು. ಹಲವು ಸಲ ಹೀಗಾಯಿತು, ಬೆಂಕಿಯಿಂದಲೂ ಸುಟ್ಟರು. ಕೊನೆಗೆ ಅವನಿಗೆ ಏನು ಹೇಳಬೇಕು ಅಂತಲೂ ತೋಚದೇ ಇದ್ದಾಗ, ಪ್ರಶ್ನೆ ಕೇಳುವವರೇ ಇಂಥವನು ಹೀಗೆ ಮಾಡಿದನಾ, ಇಂಥ ದಿನಕ್ಕೆ ಗೊತ್ತು ಮಾಡಿದ್ದಿರಾ ಅಂತ ಕೇಳುತ್ತಾ ಹೋದರು, ಅವನು ಎಲ್ಲದಕ್ಕೂ ಹೌದು ಅಂದ.

ಆ ವರದಿ ಬರೆದವರು ಡಚ್ಚರ ಶತ್ರುಗಳು, ಅವರ ಮಾತಲ್ಲಿ ಸಿಟ್ಟು ಇದ್ದೇ ಇರುತ್ತದೆ, ಒಪ್ಪೋಣ. ಆದರೆ ನೀರಿನ ಹಿಂಸೆ ನಡೆದೇ ಇಲ್ಲ ಅಂತ ಡಚ್ಚರೂ ಹೇಳಲಿಲ್ಲ, ಆ ಕಾಲದ ಕಾನೂನಿನಲ್ಲಿ ಅದಕ್ಕೆ ಜಾಗ ಇತ್ತು. ಮಾರ್ಚ್‌ನಲ್ಲಿ 10 ಮಂದಿ ಇಂಗ್ಲಿಷರ ತಲೆ ಕಡಿದರು, ಜೊತೆಗೆ ಜಪಾನಿ ಸಿಪಾಯಿಗಳದ್ದೂ. ಸಾಯುವ ಮುಂಚೆ ಸ್ಯಾಮ್ಯುಯೆಲ್ ಕೋಲ್ಸನ್ ಎಂಬ ವ್ಯಾಪಾರಿ ತನ್ನ ಪ್ರಾರ್ಥನಾ ಪುಸ್ತಕದಲ್ಲಿ ತಾನು ನಿರಪರಾಧಿ ಅಂತ ಬರೆದಿಟ್ಟ. ಹಿಂಸೆಯಲ್ಲಿ ಹೌದು ಅಂದವನೇ, ಯಾರೂ ಪೀಡಿಸದೇ ಇದ್ದ ಹೊತ್ತಿನಲ್ಲಿ ಇಲ್ಲ ಅಂತ ಬರೆದ. ನನಗೆ ಈ ಇಡೀ ಚರಿತ್ರೆಯಲ್ಲಿ ಅತಿ ಮುಖ್ಯ ಅನ್ನಿಸುವುದು ಕ್ಲಾರ್ಕ್‌ಗೆ ಕೇಳಿದ ಆ ಪ್ರಶ್ನೆಗಳು. ಉತ್ತರ ಏನಿರಬೇಕು ಅಂತ ಕೇಳುವವನ ತಲೆಯಲ್ಲಿ ಮೊದಲೇ ಇರುತ್ತದೆ. ನೀರು ಮಾಡುವ ಕೆಲಸ ಇಷ್ಟೇ, ಅವನ ತಲೆಯಲ್ಲಿದ್ದದ್ದನ್ನು ಇನ್ನೊಬ್ಬನ ಬಾಯಿಂದ ಹೇಳಿಸುವುದು.

ಇದು ಹೊಸ ತಿಳಿವಳಿಕೆಯೂ ಅಲ್ಲ. ರೋಮಿನ ನ್ಯಾಯಶಾಸ್ತ್ರಜ್ಞ ಉಲ್ಪಿಯನ್ ಸುಮಾರು 1800 ವರ್ಷಗಳ ಹಿಂದೆಯೇ ಹಿಂಸೆಯಿಂದ ಸಿಕ್ಕ ಮಾತನ್ನು ನಂಬುವುದು ಅಪಾಯ ಅಂತ ಬರೆದಿದ್ದ. ಕೆಲವರು ಎಂಥ ನೋವನ್ನೂ ತಡೆದುಕೊಂಡು ಸುಮ್ಮನಿರುತ್ತಾರೆ, ಕೆಲವರು ನೋವು ತಾಳಲಾರದೆ ಎಂಥ ಸುಳ್ಳನ್ನಾದರೂ ಹೇಳುತ್ತಾರೆ ಅಂತ. ಅಷ್ಟು ಗೊತ್ತಿದ್ದೂ ಧರ್ಮದ್ರೋಹದ ವಿಚಾರಣೆಗೆಂದು ಇದ್ದ ಸ್ಪೇನಿನ ಇನ್‌ಕ್ವಿಸಿಷನ್ ನ್ಯಾಯಮಂಡಳಿ ಬಾಯಿಗೆ ಬಟ್ಟೆ ಇಳಿಬಿಟ್ಟು ಮೇಲಿಂದ ನೀರು ಹುಯ್ಯಿತು, ಪಕ್ಕದಲ್ಲಿ ಕೂತ ಗುಮಾಸ್ತ ಆ ನರಳಾಟವನ್ನೂ ಬರೆದುಕೊಂಡ. ಫ್ರಾನ್ಸಿನ ಕೋರ್ಟುಗಳಲ್ಲಿ ನೀರು ಕುಡಿಸುವುದು ವಿಚಾರಣೆಯದೇ ಒಂದು ಭಾಗವಾಗಿತ್ತು. ಅಲ್ಲಿ ತಪ್ಪೊಪ್ಪಿಸಲು ಹಿಂಸೆ ಕೊಡುವುದನ್ನು ರಾಜ ನಿಲ್ಲಿಸಿದ್ದು 1780ರಲ್ಲಿ.

ಕಾನೂನು ಬದಲಾಯಿತು, ಆದರೆ ಅಭ್ಯಾಸ ಹೋಗಲಿಲ್ಲ. 1900ರ ನವೆಂಬರ್‌ನಲ್ಲಿ ಫಿಲಿಪೈನ್ಸಿನ ಇಗ್ಬರಾಸ್ ಊರಿನ ಮುಖ್ಯಸ್ಥನಿಗೆ ಅಮೆರಿಕದ ಸೈನಿಕರು ಹೊಟ್ಟೆ ಉಬ್ಬುವಷ್ಟು ನೀರು ತುಂಬಿಸಿ ವಿಚಾರಣೆ ಮಾಡಿದರು. ವಿಷಯ ಅಮೆರಿಕದ ಸಂಸತ್ತಿನ ಮೇಲ್ಮನೆಯಾದ ಸೆನೆಟ್‌ವರೆಗೂ ಹೋಯಿತು. ಮೇಜರ್ ಎಡ್ವಿನ್ ಗ್ಲೆನ್ ಮೇಲೆ 1902ರಲ್ಲಿ ಸೇನಾ ವಿಚಾರಣೆ ನಡೆದು ತಪ್ಪಿತಸ್ಥ ಅಂತ ತೀರ್ಪಾಯಿತು. ಶಿಕ್ಷೆ ಏನು ಗೊತ್ತೇ? ಒಂದು ತಿಂಗಳ ಅಮಾನತು, 50 ಡಾಲರ್ ದಂಡ. ಮುಂದೆ ಆತ ಮೇಜರ್ ಜನರಲ್ ಕೂಡ ಆದ.

ಅದೇ ಕೆಲಸವನ್ನು ಶತ್ರು ಮಾಡಿದಾಗ ತಕ್ಕಡಿಯೇ ಬೇರೆ. ಎರಡನೇ ಮಹಾಯುದ್ಧದ ಹೊತ್ತು, 1943ರ ಸೆಪ್ಟೆಂಬರ್‌ನಲ್ಲಿ ಜಪಾನಿನ ವಶದಲ್ಲಿದ್ದ ಸಿಂಗಪುರದ ಬಂದರಿನಲ್ಲಿ ಜಪಾನಿನ ಹಡಗುಗಳು ಸ್ಫೋಟಗೊಂಡವು. ಆಸ್ಟ್ರೇಲಿಯಾದಿಂದ ಗುಟ್ಟಾಗಿ ಬಂದ ಒಂದು ಪುಟ್ಟ ಪಡೆಯ ಕೆಲಸ ಅದು. ಜಪಾನಿನ ಸೇನಾ ಪೊಲೀಸರಾದ ಕೆಂಪೈತಾಯಿಗಳು ಮಾತ್ರ ಚಾಂಗಿ ಜೈಲಿನಲ್ಲಿದ್ದ ನಾಗರಿಕ ಬಂದಿಗಳದ್ದೇ ಕೈವಾಡ ಅಂತ ನಿರ್ಧರಿಸಿ, ಅಕ್ಟೋಬರ್ 10ರಿಂದ 57 ಮಂದಿಯನ್ನು ಎಳೆದುಕೊಂಡು ಹೋದರು. ಹೊಡೆತ, ಕರೆಂಟು, ನೀರು, ಎಲ್ಲ. ಆ ದಾಳಿಯ ಬಗ್ಗೆ ಅವರಲ್ಲಿ ಒಬ್ಬರಿಗೂ ಏನೂ ಗೊತ್ತಿರಲಿಲ್ಲ. ಗೊತ್ತಿಲ್ಲ ಅಂತ ಹೇಳಿದರೆ ಅದನ್ನು ಹಟ ಅಂತ ತಿಳಿದು ಇನ್ನೂ ಜಾಸ್ತಿ ಹಿಂಸಿಸಿದರು. 15 ಮಂದಿ ಸತ್ತರು. 1946ರಲ್ಲಿ ಬ್ರಿಟಿಷ್ ಸೇನಾ ನ್ಯಾಯಾಲಯ ಈ ಪೊಲೀಸರಲ್ಲಿ 8 ಜನರಿಗೆ ಮರಣದಂಡನೆ ಕೊಟ್ಟಿತು. ನೀರಿನ ಹಿಂಸೆ ಯುದ್ಧಾಪರಾಧ ಅಂತ ಟೋಕಿಯೊದ ಅಂತರರಾಷ್ಟ್ರೀಯ ನ್ಯಾಯಮಂಡಳಿಯ ತೀರ್ಪಿನಲ್ಲೂ ಬಂತು. ಆ ಮಂಡಳಿಯಲ್ಲಿ ಅಮೆರಿಕದ ನ್ಯಾಯಾಧೀಶರೂ ಇದ್ದರು. 1983ರಲ್ಲಿ ಅಮೆರಿಕದ್ದೇ ಟೆಕ್ಸಸ್‌ನ ಒಬ್ಬ ಶೆರಿಫ್, ಅಂದರೆ ಸ್ಥಳೀಯ ಪೊಲೀಸ್ ಮುಖ್ಯಸ್ಥ, ಬಂದಿಗಳಿಂದ ತಪ್ಪೊಪ್ಪಿಗೆ ಪಡೆಯಲು ಇದನ್ನೇ ಮಾಡಿದ್ದಕ್ಕೆ 10 ವರ್ಷದ ಸಜೆಗೆ ಗುರಿಯಾದ.

ಇಷ್ಟೆಲ್ಲ ತೀರ್ಪುಗಳಿದ್ದ ಅಮೆರಿಕದಲ್ಲೇ 2002ರ ಆಗಸ್ಟ್ 1ರಂದು ಸರ್ಕಾರಿ ವಕೀಲರು ಇದು ಚಿತ್ರಹಿಂಸೆಯ ವ್ಯಾಖ್ಯೆಗೆ ಬರುವುದಿಲ್ಲ ಅಂತ ಬರೆದುಕೊಟ್ಟರು. ಅದೇ ತಿಂಗಳು, ಅಲ್ ಖೈದಾದವನು ಅಂತ ಹಿಡಿದ ಅಬು ಜುಬೈದಾ ಎಂಬ ಬಂದಿಯ ಮೇಲೆ ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎ ಇದನ್ನು 83 ಸಲ ಪ್ರಯೋಗಿಸಿತು. ಒಂದು ಸಲ ಆತ ಪೂರ್ತಿ ಸ್ತಬ್ಧನಾದ, ತುಂಬಿದ ಬಾಯಿಂದ ಗುಳ್ಳೆಗಳು ಮೇಲೇಳುತ್ತಿದ್ದವು ಅಂತ 2014ರಲ್ಲಿ ಹೊರಬಂದ ಸೆನೆಟ್ ವರದಿಯಲ್ಲಿದೆ. ಮುಂದಿನ ದಾಳಿ ಎಲ್ಲಿ ಅಂತ ಅವರು ಕೇಳುತ್ತಿದ್ದರು. ಅವನ ಹತ್ತಿರ ಆ ಉತ್ತರ ಇರಲಿಲ್ಲ. ಇಷ್ಟಾದ ಮೇಲೂ ಆ ತಂಡ ಪ್ರಯೋಗ ಯಶಸ್ವಿ ಅಂದಿತು, ಅವನು ಏನನ್ನೂ ಮುಚ್ಚಿಟ್ಟಿಲ್ಲ ಅಂತ ಖಾತ್ರಿಯಾಯಿತಲ್ಲ ಅಂತ! ಅಂದರೆ ಗೊತ್ತಿಲ್ಲದವನಿಗೆ ಗೊತ್ತಿಲ್ಲ ಅಂತ ಸಾಬೀತು ಮಾಡಲು 83 ಸಲ. ಇದನ್ನು ಓದುವಾಗ ನನಗೆ ಸಿಂಗಪುರದ ಆ 57 ಮಂದಿಯೇ ಕಣ್ಣ ಮುಂದೆ ಬರುತ್ತಾರೆ. 2001ರ ಸೆಪ್ಟೆಂಬರ್ 11ರ ದಾಳಿಯ ಸೂತ್ರಧಾರ ಅನ್ನಿಸಿಕೊಂಡ ಖಾಲಿದ್ ಶೇಖ್ ಮೊಹಮ್ಮದ್ ಮೇಲೆ 2003ರ ಮಾರ್ಚ್ ತಿಂಗಳೊಂದರಲ್ಲೇ 183 ಸಲ. ಅವನು ಕಟ್ಟಿ ಹೇಳಿದ ಕತೆಗಳಲ್ಲಿ, ಅಮೆರಿಕದ ಮೊಂಟಾನಾ ರಾಜ್ಯದಲ್ಲಿ ತನ್ನ ಸಂಘಟನೆಗೆ ಜನ ಸೇರಿಸುತ್ತಿದ್ದೆ ಅನ್ನುವುದೂ ಒಂದು.

ಒಂದು ಪ್ರಶ್ನೆ ಪ್ರತಿ ಸಲ ಬರುತ್ತದೆ. ಬಾಂಬು ಇಟ್ಟಾಗಿದೆ, ಗಂಟೆ ಓಡುತ್ತಿದೆ, ಇಟ್ಟವನು ನಿಮ್ಮ ಕೈಯಲ್ಲಿದ್ದಾನೆ, ಆಗಲೂ ಬೇಡವಾ? ಪ್ರಶ್ನೆ ಕೇಳುವವರ ಆತಂಕ ನಿಜ, ಅದನ್ನು ತಳ್ಳಿಹಾಕುವುದಿಲ್ಲ. ಆದರೆ ಈ ಕತೆಯಲ್ಲಿ ಹಿಡಿದವನೇ ಅಪರಾಧಿ ಅನ್ನುವುದು ಮೊದಲೇ ತೀರ್ಮಾನವಾಗಿರುತ್ತದೆ, ಅವನಿಗೆ ಗೊತ್ತಿದೆ ಅನ್ನುವುದೂ, ನಿಜವನ್ನೇ ಹೇಳುತ್ತಾನೆ ಅನ್ನುವುದೂ. ಇಷ್ಟೆಲ್ಲ ಖಚಿತವಾಗಿ ಗೊತ್ತಿರುವವರು ಕೋಣೆಯೊಳಗೆ ಯಾವತ್ತೂ ಇರಲಿಲ್ಲ, ಖಚಿತ ಅಂದುಕೊಂಡವರು ಮಾತ್ರ ಇದ್ದರು. ಅಂಬೊಯ್ನಾದಲ್ಲೂ ಇದ್ದರು. ಇನ್ನು, ಒಂದು ಪಕ್ಷ ನಿಜ ಸಿಕ್ಕೇಬಿಟ್ಟಿತು ಅಂದುಕೊಳ್ಳೋಣ. ಆಗಲೂ ನಾನು ಬೇಡ ಅಂತಲೇ ಹೇಳುತ್ತೇನೆ. ಕಟ್ಟಿಹಾಕಿದ ಮನುಷ್ಯನ ಉಸಿರನ್ನು ಇನ್ನೊಬ್ಬನ ಕೈಗೆ ಕೊಡುವ ಅಧಿಕಾರ ಯಾವ ಸರ್ಕಾರಕ್ಕೂ ಇರಬಾರದು. 1984ರ ವಿಶ್ವಸಂಸ್ಥೆಯ ಒಪ್ಪಂದ ಯುದ್ಧ, ತುರ್ತು ಪರಿಸ್ಥಿತಿ ಯಾವುದೂ ಇದಕ್ಕೆ ನೆಪವಾಗದು ಅನ್ನುತ್ತದೆ, ಹಿಂಸೆಯಿಂದ ಪಡೆದ ಹೇಳಿಕೆಯನ್ನು ಸಾಕ್ಷ್ಯವಾಗಿ ತಗೊಳ್ಳಬಾರದು ಅಂತಲೂ ಹೇಳುತ್ತದೆ.

ಹಾಗಾದರೆ ವಿಚಾರಣೆ ಮಾಡುವುದು ಹೇಗೆ? ಶರ್ವುಡ್ ಮೊರಾನ್ ಅಂತ ಒಬ್ಬ ಅಮೆರಿಕನ್ ಇದ್ದರು. ದಶಕಗಳ ಕಾಲ ಜಪಾನಿನಲ್ಲಿ ಮಿಷನರಿಯಾಗಿದ್ದವರು, ಎರಡನೇ ಮಹಾಯುದ್ಧದಲ್ಲಿ ಸೆರೆಸಿಕ್ಕ ಜಪಾನಿ ಸೈನಿಕರ ವಿಚಾರಣೆಯ ಕೆಲಸ ಇವರದಾಯಿತು. ಗಾಯಗೊಂಡವನು ಮುಂದೆ ಕೂತರೆ ಇವರು ಮೊದಲು ಅವನ ಗಾಯದ ಬಗ್ಗೆ, ಚಿಕಿತ್ಸೆ ಸಿಕ್ಕಿತಾ ಅಂತ ಅವನದೇ ಭಾಷೆಯಲ್ಲಿ ಕೇಳುತ್ತಿದ್ದರು. ಮನುಷ್ಯ ಮನುಷ್ಯನ ಹತ್ತಿರ ಮಾತಾಡುವ ಹಾಗೆ ಮಾತಾಡಿ ಅಂತ 1943ರಲ್ಲಿ ತಮ್ಮ ಜೊತೆಯವರಿಗೆ ಬರೆದುಕೊಟ್ಟರು. ಆ ದಾರಿಯನ್ನೇ 2021ರಲ್ಲಿ ಹೊರಬಂದ ಮೆಂಡೆಸ್ ತತ್ವಗಳು, ಅಂದರೆ ವಿಚಾರಣೆ ಹೇಗಿರಬೇಕು ಅನ್ನುವ ಅಂತರರಾಷ್ಟ್ರೀಯ ಮಾರ್ಗಸೂಚಿ, ಹೇಳುತ್ತವೆ. ಹುವಾನ್ ಮೆಂಡೆಸ್ 1970ರ ದಶಕದಲ್ಲಿ ಅರ್ಜೆಂಟೀನಾದಲ್ಲಿ ಸ್ವತಃ ಚಿತ್ರಹಿಂಸೆ ಅನುಭವಿಸಿದ ವಕೀಲರು. ಬಂದಿಗೆ ವಕೀಲರ ನೆರವು ಸಿಗಬೇಕು, ಸುಮ್ಮನಿರುವ ಹಕ್ಕು ಇರಬೇಕು, ವಿಚಾರಣೆಯನ್ನು ರೆಕಾರ್ಡ್ ಮಾಡಬೇಕು ಅನ್ನುವುದು ಅದರಲ್ಲಿದೆ. ಸಿಐಎ ಕೂಡ ತನ್ನ ವಿಚಾರಣೆಗಳನ್ನು ರೆಕಾರ್ಡ್ ಮಾಡಿತ್ತು. ಆ 92 ವಿಡಿಯೊ ಟೇಪುಗಳನ್ನು 2005ರಲ್ಲಿ ನಾಶ ಮಾಡಿದರು, ಅದಕ್ಕಾಗಿ ಯಾರ ಮೇಲೂ ಮೊಕದ್ದಮೆ ಹೂಡಲಿಲ್ಲ.

ಕೇಳಿದ್ದಕ್ಕೆ ವಂದನೆಗಳು. ನಮಸ್ಕಾರ.